ವಿಶೇಷ ಅಗತ್ಯದ ಮಗುವನ್ನು ದತ್ತು ಪಡೆಯುವ ಮುನ್ನ, ಪಡೆದ ಮೇಲೆ: ಓದುಗರ ಪ್ರಶ್ನೆಗಳಿಗೆ ಉತ್ತರ

ಈ ಸಂಚಿಕೆಗೆ ಆರಿಸಿಕೊಂಡ ಪತ್ರಗಳೆಲ್ಲ ಒಂದೇ ವಿಷಯದವು. ಕಾಯಿಲೆ, ಅಂಗವೈಕಲ್ಯ ಅಥವಾ ಬೆಳವಣಿಗೆಯ ವಿಳಂಬ ಇರುವ ಮಗುವನ್ನು ದತ್ತು ಪಡೆಯಬಹುದೇ, ಪಡೆದರೆ ಸಾಕುವುದು ಹೇಗೆ? ಬರೆದವರ ಹೆಸರು ಬಿಟ್ಟು ಊರಿನ ಹೆಸರಷ್ಟೇ ಕೊಟ್ಟಿದ್ದೇವೆ.

ಪ್ರಶ್ನೆ (ದಾವಣಗೆರೆ): ಕೇಂದ್ರ ಸರ್ಕಾರದ ದತ್ತು ಪ್ರಾಧಿಕಾರವಾದ ಕಾರಾದ ಪೋರ್ಟಲಿನಲ್ಲಿ ನೋಂದಾಯಿಸಿ ಎರಡು ವರ್ಷವಾಯಿತು. ಆಗ ನನಗೆ 42, ಹೆಂಡತಿಗೆ 39. ಸರದಿ ಇನ್ನೂ ಬಂದಿಲ್ಲ. ವಿಶೇಷ ಅಗತ್ಯದ ಮಕ್ಕಳ ಪಟ್ಟಿಯಲ್ಲಿ ಕಾಯುವ ಅವಧಿ ಕಡಿಮೆ ಎನ್ನುತ್ತಾರೆ. ನಾವು ಅದಕ್ಕೆ ಹೋಗಬಹುದೇ?

ಉತ್ತರ: ಹೋಗಬಹುದು. ವಯಸ್ಸನ್ನು ನೋಂದಣಿಯ ದಿನಕ್ಕೆ ಲೆಕ್ಕ ಹಿಡಿಯುತ್ತಾರೆ. ಎರಡು ವರ್ಷದೊಳಗಿನ ಮಗುವಿಗೆ ದಂಪತಿಯ ಒಟ್ಟು ವಯಸ್ಸು 85 ಮೀರಬಾರದು, ನಿಮ್ಮದು 81. ಎರಡರಿಂದ ನಾಲ್ಕು ವರ್ಷದ ಮಗುವಿಗೆ ಈ ಮಿತಿ 90, ನಾಲ್ಕರಿಂದ ಎಂಟಕ್ಕೆ 100, ಅದಕ್ಕೂ ದೊಡ್ಡ ಮಕ್ಕಳಿಗೆ 110.

ಗೃಹ ಅಧ್ಯಯನ ವರದಿಗೆ ಮೂರು ವರ್ಷ ಮಾನ್ಯತೆ ಇರುವುದರಿಂದ ಅದರ ದಿನಾಂಕ ನೋಡಿಕೊಳ್ಳಿ. ವರದಿ ಬರೆದ ಸಮಾಜ ಕಾರ್ಯಕರ್ತರಿಗೆ ನಿಮ್ಮ ಮನಸ್ಸು ಬದಲಾದದ್ದನ್ನು ತಿಳಿಸಿ. ಯಾವ ಬಗೆಯ ಕೊರತೆಯನ್ನು ನಿಭಾಯಿಸಬಲ್ಲಿರಿ, ಹಗಲು ಮಗುವಿನ ಜೊತೆ ಯಾರಿರುತ್ತಾರೆ ಎಂಬುದು ವರದಿಯಲ್ಲಿ ಬಂದಿರಬೇಕು.

ಸಾಮಾನ್ಯ ಸರದಿಯಲ್ಲಿ ಮಗುವಿನ ವಿವರ ನಿಮ್ಮ ಬಳಿಗೆ ಬರುತ್ತದೆ. ವಿಶೇಷ ಅಗತ್ಯದ ಪಟ್ಟಿಯನ್ನು ನೀವೇ ತೆರೆದು ನೋಡಿ ಮಗುವನ್ನು ಕಾಯ್ದಿರಿಸಬೇಕು. ಕಾಯ್ದಿರಿಸಿದ 30 ದಿನದೊಳಗೆ ದತ್ತು ಸಂಸ್ಥೆಗೆ ಹೋಗಿ ದತ್ತು ಸಮಿತಿಯನ್ನು ಕಾಣುವುದು, ಸಮಿತಿ ಒಪ್ಪಿದ ಮೇಲೆ ಮಗುವನ್ನು ದತ್ತುಪೂರ್ವ ಪೋಷಣೆಗೆ ಮನೆಗೆ ತರುವುದು, ಆಮೇಲೆ ಜಿಲ್ಲಾಧಿಕಾರಿಯ ದತ್ತು ಆದೇಶ. ಕಾನೂನಿನ ತಿದ್ದುಪಡಿ 2022ರ ಸೆಪ್ಟೆಂಬರಿನಲ್ಲಿ ಜಾರಿಗೆ ಬಂದ ಮೇಲೆ ಈ ಆದೇಶಕ್ಕೆ ನ್ಯಾಯಾಲಯಕ್ಕೆ ಹೋಗಬೇಕಾಗಿಲ್ಲ. ಆ ಬಳಿಕ ಎರಡು ವರ್ಷ, ಆರಾರು ತಿಂಗಳಿಗೊಮ್ಮೆ ಮನೆಗೆ ಬಂದು ಮಗುವನ್ನು ನೋಡಿಕೊಂಡು ಹೋಗುತ್ತಾರೆ.

ಬೇಗ ಸಿಗುತ್ತದೆ ಎಂಬ ಒಂದೇ ಕಾರಣಕ್ಕೆ ಈ ಪಟ್ಟಿಗೆ ಬರಬೇಡಿ. ಮೊದಲು ಕಾಯ್ದಿರಿಸಿ ಆಮೇಲೆ ಮಗುವಿನ ವೈದ್ಯಕೀಯ ವರದಿ ಓದುವವರಿದ್ದಾರೆ. ನೀವು ಕಾಯ್ದಿರಿಸಿದಷ್ಟು ದಿನ ಆ ಮಗು ಬೇರೆ ಕುಟುಂಬದ ಕಣ್ಣಿಗೆ ಬೀಳುವುದಿಲ್ಲ. ಮನೆಗೆ ತಂದು ತಿಂಗಳೆರಡು ತಿಂಗಳಿಗೆ ವಾಪಸು ಬಿಟ್ಟರಂತೂ ಮಗು ಎರಡನೇ ಸಲ ಅನಾಥವಾಗುತ್ತದೆ. ವರದಿ ಓದುವ ಕೆಲಸವೆಲ್ಲ ಮೊದಲೇ ಮುಗಿದಿರಲಿ.

ಪ್ರಶ್ನೆ (ಮೈಸೂರು): 14 ತಿಂಗಳ ಮಗುವಿನ ವೈದ್ಯಕೀಯ ವರದಿಯಲ್ಲಿ ಹೀಗಿದೆ: 33 ವಾರಕ್ಕೆ ಜನನ, ಜನನ ತೂಕ 1.6 ಕೆ.ಜಿ., ಎಚ್‌ಐವಿ ರಿಯಾಕ್ಟಿವ್, ವಿಎಸ್‌ಡಿ 4 ಮಿ.ಮೀ., ಗ್ಲೋಬಲ್ ಡೆವಲಪ್‌ಮೆಂಟಲ್ ಡಿಲೇ. ಮಗು ಕೂರುತ್ತದೆ, ನಿಲ್ಲುವುದಿಲ್ಲ. ಮನೆಯವರು ಹೆದರಿದ್ದಾರೆ. ಏನು ಮಾಡೋಣ?

ಉತ್ತರ: ಒಟ್ಟಿಗೆ ಓದಿದರೆ ಹೆದರಿಕೆ ಹುಟ್ಟಿಸುವ ಪಟ್ಟಿ ಇದು. ಒಂದೊಂದಾಗಿ ಬಿಡಿಸಿ ನೋಡೋಣ.

ಮೊದಲು ವಯಸ್ಸು. ಹೆರಿಗೆಯಾಗಬೇಕಿದ್ದುದು 40 ವಾರಕ್ಕೆ. ಈ ಮಗು ಏಳು ವಾರ ಮುಂಚೆ ಹುಟ್ಟಿದೆ. ಅವಧಿಗೆ ಮುಂಚೆ ಹುಟ್ಟಿದ ಮಕ್ಕಳ ಬೆಳವಣಿಗೆ ನೋಡುವಾಗ ಎರಡು ವರ್ಷದವರೆಗೂ ಆ ವಾರಗಳನ್ನು ಕಳೆಯಬೇಕು. ಅಂದರೆ ನೀವು ನೋಡುತ್ತಿರುವುದು ಸುಮಾರು ಹನ್ನೆರಡೂವರೆ ತಿಂಗಳ ಮಗುವನ್ನು. ಸಂಸ್ಥೆಯಲ್ಲಿ ತೊಟ್ಟಿಲಲ್ಲೇ ಹೆಚ್ಚು ಹೊತ್ತು ಕಳೆದ ಮಗು ನಿಲ್ಲುವುದು ತಡವಾಗುವುದು ಸಾಮಾನ್ಯ. ‘ಗ್ಲೋಬಲ್ ಡಿಲೇ’ ಎಂಬುದು ಕಾಯಿಲೆಯ ಹೆಸರಲ್ಲ. ಎರಡು ಅಥವಾ ಹೆಚ್ಚು ವಿಭಾಗಗಳಲ್ಲಿ ಮಗು ಹಿಂದಿದೆ ಎಂದಷ್ಟೇ ಅದರ ಅರ್ಥ. ಕಾರಣ ಏನೆಂಬುದನ್ನು ಬೇರೆಯಾಗಿಯೇ ಹುಡುಕಬೇಕು.

ಆ ಹುಡುಕಾಟಕ್ಕೆ ತಲೆಯ ಸುತ್ತಳತೆಯಷ್ಟು ಉಪಯುಕ್ತ ಅಂಕಿ ಬೇರೊಂದಿಲ್ಲ. ಒಂದು ಅಳತೆ ಸಾಲದು. ಸಂಸ್ಥೆಗೆ ಸೇರಿದಾಗಿನಿಂದ ಇಂದಿನವರೆಗಿನ ಎಲ್ಲ ಅಳತೆಗಳನ್ನೂ ಕೇಳಿ, ಬೆಳವಣಿಗೆ ನಕ್ಷೆಯ ಮೇಲೆ ಗುರುತು ಹಾಕಿಸಿ. ತೂಕ, ಎತ್ತರ ಕಡಿಮೆಯಿದ್ದು ತಲೆ ತನ್ನ ಗೆರೆಯಲ್ಲೇ ಬೆಳೆಯುತ್ತಿದ್ದರೆ ಊಟ, ಆರೈಕೆಯಿಂದ ಬಹಳಷ್ಟು ತುಂಬಿಕೊಳ್ಳುವ ಸಾಧ್ಯತೆ ಇದೆ. ತಲೆಯ ಗೆರೆಯೇ ತಿಂಗಳಿಂದ ತಿಂಗಳಿಗೆ ಕೆಳಗೆ ಜಾರುತ್ತಿದ್ದರೆ ಮಿದುಳಿನ ಬೆಳವಣಿಗೆಯ ಬಗ್ಗೆ ಗಂಭೀರವಾಗಿ ವಿಚಾರಿಸಬೇಕು. ಸೆಳೆತ ಬಂದಿತ್ತೇ, ಔಷಧ ನಡೆಯುತ್ತಿದೆಯೇ, ನವಜಾತ ಶಿಶು ಘಟಕದ ಬಿಡುಗಡೆ ಚೀಟಿ ಇದೆಯೇ, ಅವಧಿಗೆ ಮುಂಚೆ ಹುಟ್ಟಿದ್ದರಿಂದ ಕಣ್ಣಿನ ರೆಟಿನಾ ಪರೀಕ್ಷೆ ಆಗಿತ್ತೇ ಎಂಬುದನ್ನೂ ಕೇಳಿ.

ಇನ್ನು ಎಚ್‌ಐವಿ. 18 ತಿಂಗಳೊಳಗಿನ ಮಗುವಿನ ರಕ್ತದಲ್ಲಿ ತಾಯಿಯ ಪ್ರತಿಕಾಯಗಳು ಉಳಿದಿರಬಹುದು. ಹಾಗಾಗಿ ಈ ವಯಸ್ಸಿನಲ್ಲಿ ‘ರಿಯಾಕ್ಟಿವ್’ ಎಂದರೆ ತಾಯಿಗೆ ಸೋಂಕು ಇತ್ತು ಎಂದಷ್ಟೇ ಖಚಿತ. ಮಗುವಿಗೆ ಇದೆಯೇ ಎಂದು ತಿಳಿಯಲು ವೈರಸ್ಸನ್ನೇ ಹುಡುಕುವ ಪಿಸಿಆರ್ ಪರೀಕ್ಷೆ ಬೇಕು. ಆರು ವಾರ, ಆರು ತಿಂಗಳು, ಹನ್ನೆರಡು ತಿಂಗಳಿಗೆ ಅದನ್ನು ಮಾಡಿ, 18 ತಿಂಗಳಿಗೆ ಪ್ರತಿಕಾಯ ಪರೀಕ್ಷೆಯಿಂದ ಖಚಿತಪಡಿಸುತ್ತಾರೆ. ಆ ಫಲಿತಾಂಶಗಳನ್ನು ಕೇಳಿ ಪಡೆಯಿರಿ. ಒಂದು ವೇಳೆ ಸೋಂಕು ಇದ್ದರೂ ಎಚ್‌ಐವಿ ಚಿಕಿತ್ಸೆಯ ಎಆರ್‌ಟಿ ಕೇಂದ್ರಗಳಲ್ಲಿ ಔಷಧ ಉಚಿತ. ದಿನವೂ ತಪ್ಪದೆ ಕೊಟ್ಟರೆ ಮಗು ಎಲ್ಲರಂತೆ ಶಾಲೆಗೆ ಹೋಗಿ ಬೆಳೆಯುತ್ತದೆ. ಶಾಲೆ ನಿರಾಕರಿಸುವಂತಿಲ್ಲ ಎಂದು 2017ರ ಎಚ್‌ಐವಿ ಕಾಯ್ದೆಯೇ ಹೇಳುತ್ತದೆ.

ವಿಎಸ್‌ಡಿ ಎಂದರೆ ಹೃದಯದ ಕೆಳಕೋಣೆಗಳ ನಡುವಿನ ರಂಧ್ರ. ನಾಲ್ಕು ಮಿಲಿಮೀಟರ್ ಎಂಬುದು ಯಾವಾಗಿನ ಎಕೋದಲ್ಲಿ (ಹೃದಯದ ಸ್ಕ್ಯಾನ್) ಕಂಡದ್ದು? ಹುಟ್ಟಿದಾಗಿನದಾದರೆ ಈಗ ಚಿತ್ರ ಬೇರೆಯೇ ಇರಬಹುದು. ಸ್ನಾಯು ಭಾಗದಲ್ಲಿರುವ ಸಣ್ಣ ರಂಧ್ರಗಳು ಎಷ್ಟೋ ಸಲ ತಾವಾಗಿಯೇ ಮುಚ್ಚುತ್ತವೆ. ಹಾಲು ಕುಡಿಯುವಾಗ ಮಗು ಬೆವರುತ್ತದೆಯೇ, ನಡುನಡುವೆ ನಿಲ್ಲಿಸಿ ಏದುಸಿರು ಬಿಡುತ್ತದೆಯೇ, ಮೈಯ ನೀರಿಳಿಸುವ ಫ್ರೂಸೆಮೈಡ್‌ನಂಥ ಔಷಧ ನಡೆಯುತ್ತಿದೆಯೇ? ಇವು ಹೌದಾದರೆ ಹೃದಯದ ಮೇಲೆ ಹೊರೆ ಬಿದ್ದಿದೆ. ದೊಡ್ಡ ರಂಧ್ರವನ್ನು ಬಹಳ ಕಾಲ ಹಾಗೇ ಬಿಟ್ಟರೆ ಶ್ವಾಸಕೋಶದ ರಕ್ತದೊತ್ತಡ ಏರಿ, ಶಸ್ತ್ರಚಿಕಿತ್ಸೆಯನ್ನೇ ಮಾಡಲಾಗದ ಹಂತಕ್ಕೆ ಹೋಗುತ್ತದೆ. ಮಕ್ಕಳ ಹೃದಯ ತಜ್ಞರಿಂದ ಹೊಸ ಎಕೋ ಆಗಿಲ್ಲದಿದ್ದರೆ ಮಾಡಿಸಿಕೊಡಿ ಎಂದು ಸಂಸ್ಥೆಯನ್ನು ಕೇಳಿ.

ಕೊನೆಗೆ ವಿಡಿಯೊ. ಹಾಡು ಸೇರಿಸಿ ಕತ್ತರಿಸಿದ ಅರ್ಧ ನಿಮಿಷದ ತುಣುಕು ಉಪಯೋಗಕ್ಕೆ ಬಾರದು. ನಿಲ್ಲಿಸದೆ ತೆಗೆದ ಐದರಿಂದ ಹತ್ತು ನಿಮಿಷದ್ದು ಬೇಕು. ಮಗು ಮಲಗಿದ್ದು ಏಳುವುದು, ಆಟಿಕೆಗೆ ಕೈ ಚಾಚುವುದು, ಹಿಂದಿನಿಂದ ಹೆಸರು ಕರೆದಾಗ ತಿರುಗುವುದು, ಉಣಿಸುವ ಆಯಾಳ ಮುಖ ನೋಡುವುದು ಅದರಲ್ಲಿರಲಿ. ಒಂದು ಕೈಯನ್ನೇ ಬಳಸಿ ಇನ್ನೊಂದರ ಮುಷ್ಟಿ ಬಿಗಿಯಾಗಿಯೇ ಇದ್ದರೆ, ಎತ್ತಿ ಹಿಡಿದಾಗ ಕಾಲುಗಳು ಕತ್ತರಿಯಂತೆ ಅಡ್ಡ ಬಂದರೆ ಸೆರೆಬ್ರಲ್ ಪಾಲ್ಸಿಯ (ಮಿದುಳಿನ ಹಾನಿಯಿಂದ ಕೈಕಾಲಿನ ಚಲನೆ ಕುಂದುವ ಸ್ಥಿತಿ) ಸಂಶಯ ಬರುತ್ತದೆ. ಒಪ್ಪಿಗೆ ಕೊಡುವ ಮೊದಲು ವರದಿಯನ್ನು ನಿಮಗೆ ಬೇಕಾದ ವೈದ್ಯರಿಗೆ ತೋರಿಸಲು ನಿಯಮದಲ್ಲೇ ಅವಕಾಶವಿದೆ. ಮಕ್ಕಳ ಬೆಳವಣಿಗೆ ತಜ್ಞರು ಸಿಕ್ಕರೆ ಅವರಿಗೇ ತೋರಿಸಿ. ‘ತಗೊಳ್ಳಬಹುದಾ ಡಾಕ್ಟ್ರೇ?’ ಎಂದು ಕೇಳಬೇಡಿ. ‘ಮುಂದಿನ ಎರಡು ವರ್ಷ ವಾರಕ್ಕೆ ಎಷ್ಟು ಸಲ ಎಲ್ಲಿಗೆ ಕರೆದೊಯ್ಯಬೇಕಾಗಬಹುದು, ಮನೆಯಲ್ಲಿ ದಿನಕ್ಕೆ ಎಷ್ಟು ಹೊತ್ತಿನ ಕೆಲಸ?’ ಎಂದು ಕೇಳಿ. ನೀವು ಒಪ್ಪಿಕೊಳ್ಳಬೇಕಾದದ್ದು ಅದನ್ನು.

ಪ್ರಶ್ನೆ (ಬೆಳಗಾವಿ): ಹುಟ್ಟಿನಿಂದ ಪಾದ ಒಳಕ್ಕೆ ತಿರುಗಿದ್ದ, ಪ್ಲಾಸ್ಟರ್ ಹಾಕಿ ಸರಿ ಮಾಡಿರುವ ಹತ್ತು ತಿಂಗಳ ಮಗು. ಇನ್ನು ಚಿಕಿತ್ಸೆ ಮುಗಿಯಿತಲ್ಲವೇ?

ಉತ್ತರ: ಅರ್ಧ ಮಾತ್ರ ಮುಗಿದಿದೆ. ಪೊನ್ಸೆಟಿ ವಿಧಾನದಲ್ಲಿ ವಾರಕ್ಕೊಂದರಂತೆ ಐದಾರು ಪ್ಲಾಸ್ಟರ್, ಬಹುಪಾಲು ಮಕ್ಕಳಿಗೆ ಹಿಮ್ಮಡಿಯ ಸ್ನಾಯುರಜ್ಜು ಕತ್ತರಿಸುವ ಚಿಕ್ಕ ಶಸ್ತ್ರಕ್ರಿಯೆ, ಆಮೇಲೆ ಮೂರು ವಾರದ ಕೊನೆಯ ಪ್ಲಾಸ್ಟರ್. ಅಲ್ಲಿಂದ ಶುರುವಾಗುವುದು ಬ್ರೇಸ್: ಒಂದು ಪಟ್ಟಿಗೆ ಜೋಡಿಸಿದ ಎರಡು ಬೂಟು. ಮೊದಲ ಮೂರು ತಿಂಗಳು ದಿನಕ್ಕೆ 23 ಗಂಟೆ, ಆಮೇಲೆ ನಾಲ್ಕೈದು ವರ್ಷ ತುಂಬುವವರೆಗೆ ರಾತ್ರಿ ಮತ್ತು ಹಗಲು ನಿದ್ದೆಯ ಹೊತ್ತಿನಲ್ಲಿ. ಪಾದ ಮತ್ತೆ ತಿರುಗುವುದಕ್ಕೆ ಮುಖ್ಯ ಕಾರಣ ಈ ಬ್ರೇಸ್ ಬಿಟ್ಟದ್ದು. ‘ಮಗು ಅಳುತ್ತೆ ಪಾಪ’ ಎಂದು ಅಜ್ಜಿ ಒಂದೆರಡು ವಾರ ಬಿಚ್ಚಿಟ್ಟರೂ ಸಾಕು, ಬೂಟು ಮತ್ತೆ ಸರಿಯಾಗಿ ಕೂರುವುದಿಲ್ಲ.

ಹಾಕುವಾಗ ಮಂಡಿ ಮಡಿಸಿ, ಹಿಮ್ಮಡಿ ಕೆಳಗೆ ಕೂರುವವರೆಗೆ ಒತ್ತಿ, ಮೊದಲು ಬೂಟಿನ ನಡುವಿನ ಬೆಲ್ಟು ಬಿಗಿಯಿರಿ. ಒಳಗೆ ಹೊಲಿಗೆ ಒತ್ತದ ಹತ್ತಿ ಸಾಕ್ಸ್ ಇರಲಿ. ಬೂಟು ನುಣುಚಿ ಹೋಗುತ್ತಿದ್ದರೆ ಹಿಮ್ಮಡಿ ಕೂತಿಲ್ಲ, ಇಲ್ಲವೇ ಪಾದ ಮತ್ತೆ ಬಿಗಿಯುತ್ತಿದೆ ಎಂದರ್ಥ. ಎರಡನೆಯದಾದರೆ ಆ ವಾರವೇ ಮೂಳೆ ವೈದ್ಯರಿಗೆ ತೋರಿಸಿ. ಎರಡು ಬೂಟನ್ನು ಜೋಡಿಸುವ ಪಟ್ಟಿಯ ಉದ್ದ ಮಗುವಿನ ಭುಜಗಳ ಅಗಲದಷ್ಟಿರಬೇಕು. ಮಗುವನ್ನು ತರುವ ದಿನ ಬ್ರೇಸನ್ನೂ ಚಿಕಿತ್ಸೆಯ ಚೀಟಿಯನ್ನೂ ಕೇಳಿ ತನ್ನಿ.

ಪ್ರಶ್ನೆ (ಹಾಸನ): ದತ್ತು ಬಂದ ಎರಡು ವರ್ಷದ ಮಗಳಿಗೆ ಎರಡೂ ಕಿವಿ ಕೇಳಿಸುವುದಿಲ್ಲ. ಇನ್ನೂ ಚಿಕ್ಕವಳು, ನಾಲ್ಕು ವರ್ಷವಾಗಲಿ ಎನ್ನುತ್ತಾರೆ ಹಿರಿಯರು.

ಉತ್ತರ: ದಯವಿಟ್ಟು ಒಂದು ತಿಂಗಳೂ ಕಾಯಬೇಡಿ. ಮಾತು ಕಲಿಯುವ ಮಿದುಳಿನ ಭಾಗಕ್ಕೆ ಮೊದಲ ಮೂರು ವರ್ಷ ಬಹಳ ಮುಖ್ಯ. ಬೇರಾ ಪರೀಕ್ಷೆ (ಶಬ್ದಕ್ಕೆ ಶ್ರವಣ ನರ ಸ್ಪಂದಿಸುವುದನ್ನು ಅಳೆಯುವುದು) ಮಾಡಿಸಿ, ಶ್ರವಣ ಸಾಧನ ಹಾಕಿಸಿ, ಎಚ್ಚರವಿರುವಷ್ಟೂ ಹೊತ್ತು ಅದು ಕಿವಿಯಲ್ಲಿರಲಿ. ಮಗು ಬೆಳೆದಂತೆ ಕಿವಿಯ ಅಚ್ಚು ಸಡಿಲವಾಗಿ ಸಾಧನ ಶಿಳ್ಳೆ ಹೊಡೆಯುತ್ತದೆ. ಆಗ ಸಾಧನ ಕೆಟ್ಟಿತೆಂದು ತೆಗೆದಿಡದೆ ಹೊಸ ಅಚ್ಚು ಮಾಡಿಸಿ. ಶ್ರವಣ ಸಾಧನದಿಂದ ಸಾಲದಿದ್ದರೆ ಶಸ್ತ್ರಚಿಕಿತ್ಸೆಯಿಂದ ಒಳಕಿವಿಗೆ ಅಳವಡಿಸುವ ಕಾಕ್ಲಿಯರ್ ಇಂಪ್ಲಾಂಟ್. ಅಂಗವಿಕಲರಿಗೆ ಸಾಧನ ಒದಗಿಸುವ ಕೇಂದ್ರದ ಅಡಿಪ್ ಯೋಜನೆಯಲ್ಲಿ ಇದಕ್ಕೆ ಚಿಕ್ಕ ಮಕ್ಕಳಿಗೆ ನೆರವಿದೆ, ಐದು ವರ್ಷ ದಾಟಿದರೆ ಆ ಬಾಗಿಲು ಬಹುತೇಕ ಮುಚ್ಚುತ್ತದೆ. ನಿಮಗೆ ಹತ್ತಿರವಿರುವುದು ಮೈಸೂರು ಮಾನಸಗಂಗೋತ್ರಿಯ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ. ಪರೀಕ್ಷೆ, ಸಾಧನ, ತಾಯಂದಿರೂ ಜೊತೆಗೆ ಕೂತು ಕಲಿಯುವ ಶಾಲಾಪೂರ್ವ ತರಗತಿ ಎಲ್ಲವೂ ಅಲ್ಲಿವೆ. ಅಷ್ಟರವರೆಗೆ ಸನ್ನೆ ಮಾಡಿ ಮಾತಾಡಿ. ಸನ್ನೆಯಿಂದ ಮಾತು ಬರುವುದಿಲ್ಲ ಎಂಬುದು ತಪ್ಪು ತಿಳಿವಳಿಕೆ.

ಪ್ರಶ್ನೆ (ಕಲಬುರಗಿ): ಮನೆಗೆ ಬಂದು ಒಂದು ತಿಂಗಳಾದ ನಾಲ್ಕು ವರ್ಷದ ಹುಡುಗ. ದಿಂಬಿನ ಕೆಳಗೆ ರೊಟ್ಟಿ ಮುಚ್ಚಿಡುತ್ತಾನೆ, ವಾಂತಿಯಾಗುವಷ್ಟು ತಿನ್ನುತ್ತಾನೆ. ಯಾರು ಕರೆದರೂ ಅವರ ಹಿಂದೆ ಹೋಗುತ್ತಾನೆ. ಮೊದಲು ಬಹಳ ಶಾಂತ ಇದ್ದ, ಈಗ ಕಚ್ಚುತ್ತಾನೆ. ಇದು ಬುದ್ಧಿಮಾಂದ್ಯವೇ?

ಉತ್ತರ: ಇವು ಬುದ್ಧಿಮಾಂದ್ಯದ ಲಕ್ಷಣಗಳಲ್ಲ. ಸರದಿಯಲ್ಲಿ ಉಂಡು, ಪಾಳಿಯ ಮೇಲೆ ಬದಲಾಗುವ ಆಯಾಗಳ ಕೈಯಲ್ಲಿ ಬೆಳೆದ ಮಕ್ಕಳಲ್ಲಿ ಕಾಣುವ ನಡವಳಿಕೆ.

ರೊಟ್ಟಿ ಮುಚ್ಚಿಟ್ಟದ್ದಕ್ಕೆ ಬೈಯಬೇಡಿ, ಎಲ್ಲರೆದುರು ತೆಗೆದು ತೋರಿಸಬೇಡಿ. ಅವನ ಕೈಗೆ ಎಟಕುವ ಕಡೆ ಅವನದೇ ಒಂದು ಡಬ್ಬಿ ಇಟ್ಟು ಬಾಳೆಹಣ್ಣು, ಚುರುಮುರಿ ತುಂಬಿಡಿ. ಖಾಲಿಯಾದರೆ ಅವನ ಕಣ್ಣೆದುರೇ ತುಂಬಿ. ಎರಡು-ಎರಡೂವರೆ ಗಂಟೆಗೊಮ್ಮೆ ಗೊತ್ತಾದ ಹೊತ್ತಿಗೆ ಸ್ವಲ್ಪ ಸ್ವಲ್ಪ ಬಡಿಸಿ, ಮತ್ತೆ ಕೇಳಿದರೆ ಇಲ್ಲ ಎನ್ನದೆ ಇನ್ನೊಂದು ತುತ್ತು ಹಾಕಿ. ‘ಹಟ ಮಾಡಿದರೆ ಊಟ ಇಲ್ಲ’ ಎಂಬ ಮಾತು ಈ ಮಗುವಿಗೆ ಎಂದೂ ಬೇಡ. ಮೆತ್ತಗೆ ಕಲಸಿದ ಅನ್ನವನ್ನೇ ಉಂಡು ಬೆಳೆದಿದ್ದರೆ ಅಗಿಯುವ ಅಭ್ಯಾಸ ಇರುವುದಿಲ್ಲ. ಜೋಳದ ರೊಟ್ಟಿಯನ್ನು ಸಾರಿನಲ್ಲಿ ನೆನೆಸಿ ಚೂರು ಚೂರಾಗಿ ಶುರುಮಾಡಿ. ಇಡೀ ಶೇಂಗಾ, ಪುಠಾಣಿ ಸದ್ಯಕ್ಕೆ ಬೇಡ, ಗಂಟಲಿಗೆ ಸಿಕ್ಕೀತು. ಬಚ್ಚಿಡುವುದು ನಿಲ್ಲಲು ವಾರಗಳೇ ಹಿಡಿಯಬಹುದು, ತಿಂಗಳುಗಳೂ ಆಗಬಹುದು.

ಎಲ್ಲರ ಹಿಂದೆ ಹೋಗುವುದನ್ನು ನೆಂಟರು ‘ಎಷ್ಟು ಚಲೋ ಹೊಂದ್ಕೊಂಡಾನ’ ಎಂದು ಮೆಚ್ಚುತ್ತಾರೆ. ಇನ್ನೂ ತನ್ನವರು ಯಾರೆಂದು ಅವನಿಗೆ ಗೊತ್ತಾಗಿಲ್ಲ ಎಂಬುದರ ಗುರುತು ಅದು. ಮೊದಲ ಎರಡು ಮೂರು ತಿಂಗಳು ಉಣಿಸುವುದು, ಮೀಸುವುದು, ಮಲಗಿಸುವುದು, ಬಿದ್ದಾಗ ಎತ್ತಿಕೊಳ್ಳುವುದು ತಂದೆತಾಯಿ ಇಬ್ಬರೇ ಮಾಡಿ. ಅಜ್ಜ ಅಜ್ಜಿ ಆಟವಾಡಿಸಲಿ. ಅವರಿಗೆ ಇದು ನೋವಾಗುವ ಮಾತು, ಕಾರಣವನ್ನು ಮೊದಲೇ ಬಿಡಿಸಿ ಹೇಳಿ. ನೂರು ಜನ ಸೇರುವ ಹೆಸರಿಡುವ ಸಮಾರಂಭವನ್ನು ಮುಂದೂಡಿ, ಶಾಲೆಯನ್ನೂ ಮೂರರಿಂದ ಆರು ತಿಂಗಳು ತಡೆಯಿರಿ. ನಿಮ್ಮ ಕೋಣೆಯಲ್ಲೇ, ಮಂದ ದೀಪ ಹಚ್ಚಿ ಮಲಗಿಸಿ. ಬೇರೆ ಭಾಷೆಯ ಊರಿನಿಂದ ಬಂದಿದ್ದರೆ ನೀರು, ಹಸಿವು, ನೋವು, ಶೌಚ, ‘ಈಗ ಬರ್ತೀನಿ’ ಎಂಬ ಮಾತುಗಳನ್ನು ನೀವೇ ಅವನ ಭಾಷೆಯಲ್ಲಿ ಕಲಿಯಿರಿ.

ಶಾಂತವಿದ್ದವನು ಕಚ್ಚತೊಡಗಿದ್ದು ಹೆಚ್ಚಿನ ಮಕ್ಕಳಲ್ಲಿ ಕಾಣುವುದೇ. ಮೊದಲ ವಾರಗಳ ಶಾಂತಿ ಭಯದ್ದು. ಕಚ್ಚಿದಾಗ ಕೈ ತಡೆದು, ಪಕ್ಕದಲ್ಲೇ ಕೂತಿರಿ; ಕೋಣೆಯಲ್ಲಿ ಒಬ್ಬನನ್ನೇ ಕೂಡಿಹಾಕಬೇಡಿ. ಜೊತೆಗೆ ರಕ್ತಹೀನತೆ, ಥೈರಾಯ್ಡ್, ಹೆಪಟೈಟಿಸ್ ಬಿ, ಕ್ಷಯ, ಜಂತುಹುಳು, ಕಿವಿ, ಕಣ್ಣಿನ ಪರೀಕ್ಷೆ ಮಾಡಿಸಿ. ಆರು ತಿಂಗಳಾದರೂ ಮಾತು, ಆಟ ಮುಂದೆ ಹೋಗದಿದ್ದರೆ ಜಿಲ್ಲಾ ಶೀಘ್ರ ಪತ್ತೆ ಕೇಂದ್ರದಲ್ಲಿ ಬೆಳವಣಿಗೆ ತಪಾಸಣೆ ಮಾಡಿಸಿ.

ಪ್ರಶ್ನೆ (ತುಮಕೂರು): ನಮಗೆ ಇಬ್ಬರು ಮಕ್ಕಳಿದ್ದಾರೆ. ನರ್ಸಿಂಗ್ ಹೋಮ್ ಒಂದರಲ್ಲಿ ಸೀಳುತುಟಿಯ ಕೂಸನ್ನು ನೇರವಾಗಿ ಕೊಡಿಸುತ್ತೇವೆ ಎನ್ನುತ್ತಾರೆ.

ಉತ್ತರ: ಇಬ್ಬರು ಮಕ್ಕಳಿರುವ ದಂಪತಿಗೆ ವಿಶೇಷ ಅಗತ್ಯದ ಮಗುವನ್ನು ದತ್ತು ಪಡೆಯಲು ನಿಯಮದಲ್ಲಿ ಅವಕಾಶವಿದೆ. ಆದರೆ ಹೀಗೆ ಕೈಯಿಂದ ಕೈಗೆ ಪಡೆಯುವುದು ಅಪರಾಧ, ಜೈಲು ಶಿಕ್ಷೆಯೂ ಇದೆ. ಮಗುವಿನ ವಿಷಯವನ್ನು ಮಕ್ಕಳ ಸಹಾಯವಾಣಿ 1098ಕ್ಕೆ ಅಥವಾ ಮಕ್ಕಳ ಕಲ್ಯಾಣ ಸಮಿತಿಗೆ ತಿಳಿಸಿ. ಹೆತ್ತವರು ಸಮಿತಿಯ ಮುಂದೆ ಒಪ್ಪಿಸಿದರೆ ಮನಸ್ಸು ಬದಲಿಸಲು ಅವರಿಗೆ 60 ದಿನ ಸಿಗುತ್ತದೆ. ಆ ಅವಧಿಯಲ್ಲಿ ಕೂಸಿನ ಚಿಕಿತ್ಸೆ ನಿಲ್ಲುವುದಿಲ್ಲ. ತುಟಿಯ ಶಸ್ತ್ರಚಿಕಿತ್ಸೆ ಸಾಮಾನ್ಯವಾಗಿ ಮೂರರಿಂದ ಆರು ತಿಂಗಳಿಗೆ. ಅಂಗುಳ ಸೀಳಿದ್ದರೆ ಅದನ್ನು ಒಂದೂವರೆ ವರ್ಷದೊಳಗೆ ಮುಚ್ಚಬೇಕು.

ಪ್ರಶ್ನೆ (ಶಿರಸಿ): ದತ್ತು ಪಡೆದ ಮಗನಿಗೆ ಡೌನ್ ಸಿಂಡ್ರೋಮ್. ನಮ್ಮ ನಂತರ ಅವನ ಗತಿ?

ಉತ್ತರ: ಕಾಗದಪತ್ರಗಳನ್ನು ಈ ಅನುಕ್ರಮದಲ್ಲೇ ಮಾಡಿಸಿ: ದತ್ತು ಆದೇಶ, ಹೊಸ ಜನನ ಪ್ರಮಾಣಪತ್ರ, ಆಧಾರ್, ಆಮೇಲೆ ಅಂಗವಿಕಲರ ಗುರುತಿನ ಯುಡಿಐಡಿ ಕಾರ್ಡು. ಹಳೆಯ ಹೆಸರಿನಲ್ಲಿ ಯುಡಿಐಡಿ ಆಗಿಬಿಟ್ಟರೆ ಮುಂದಿನ ಪ್ರತಿ ಅರ್ಜಿಯಲ್ಲೂ ಹೆಸರು ತಾಳೆಯಾಗದೆ ಅಲೆಯಬೇಕಾಗುತ್ತದೆ. ಕಾರ್ಡು ಬಂದ ಮೇಲೆ ಇಂಥ ಮಕ್ಕಳಿಗಿರುವ ನಿರಾಮಯ ಆರೋಗ್ಯ ವಿಮೆ ಮಾಡಿಸಿ. ವರ್ಷಕ್ಕೆ ಒಂದು ಲಕ್ಷ ರೂಪಾಯಿವರೆಗಿನ ರಕ್ಷಣೆಯಲ್ಲಿ ಥೆರಪಿಯ ಖರ್ಚಿಗೂ ಪಾಲಿದೆ. ಹೃದಯದ ಎಕೋ ಒಮ್ಮೆ, ಥೈರಾಯ್ಡ್ ಮತ್ತು ಕಿವಿ-ಕಣ್ಣಿನ ತಪಾಸಣೆ ವರ್ಷ ವರ್ಷ ತಪ್ಪಿಸಬೇಡಿ.

ಮಗನಿಗೆ 18 ತುಂಬಿದ ದಿನ ಕಾನೂನಿನ ಕಣ್ಣಿಗೆ ಅವನು ವಯಸ್ಕ. ಅಲ್ಲಿಂದ ಮುಂದೆ ಅವನ ಪರವಾಗಿ ಬ್ಯಾಂಕಿನಲ್ಲಿ ಸಹಿ ಹಾಕಲು ತಂದೆತಾಯಿಗೂ ತಾನಾಗಿಯೇ ಹಕ್ಕಿರುವುದಿಲ್ಲ. 1999ರ ರಾಷ್ಟ್ರೀಯ ನ್ಯಾಸ ಕಾಯ್ದೆಯಡಿ ಜಿಲ್ಲಾಧಿಕಾರಿಗಳ ಅಧ್ಯಕ್ಷತೆಯ ಸ್ಥಳೀಯ ಸಮಿತಿಗೆ ಪಾಲಕತ್ವದ ಅರ್ಜಿ ಕೊಡಬೇಕು. ಉಯಿಲನ್ನು ಈಗಲೇ ಬರೆಯಿಸಿ. ತೋಟ, ಮನೆಯನ್ನು ನೇರವಾಗಿ ಅವನ ಹೆಸರಿಗೆ ಬರೆದರೆ ಬೇರೆಯವರು ಹೆಬ್ಬೆಟ್ಟು ಒತ್ತಿಸಿಕೊಳ್ಳುವ ಭಯವಿದೆ, ಅದರ ಬದಲು ಟ್ರಸ್ಟ್ ಮಾಡಿ. ಅವನಿಗಿಂತ ತೀರ ದೊಡ್ಡವರಲ್ಲದ ಇಬ್ಬರನ್ನು, ಅವರ ಒಪ್ಪಿಗೆ ಕೇಳಿಯೇ, ಅದರಲ್ಲಿ ಹೆಸರಿಸಿ. ಆ ಇಬ್ಬರೂ ವರ್ಷಕ್ಕೆ ನಾಲ್ಕಾರು ದಿನ ಅವನ ಜೊತೆ ಕಳೆಯಲಿ; ಅವನ ಔಷಧ, ಊಟದ ಹೊತ್ತು, ಹೆದರುವ ಸಂಗತಿಗಳನ್ನು ಒಂದು ಪುಸ್ತಕದಲ್ಲಿ ಬರೆದು ಅವರ ಕೈಗೆ ಕೊಟ್ಟು, ಪ್ರತಿ ವರ್ಷ ತಿದ್ದುತ್ತಿರಿ.