ಬೋರಿನಲ್ಲಿ ಬೆಚ್ಚಗಿನ ನೀರು ಬರುತ್ತಿದೆ. ಅದರಿಂದ ಕರೆಂಟ್ ಮಾಡಬಹುದೇ, ಅಡಿಕೆ ಒಣಗಿಸಬಹುದೇ?

ಬೆಳಗ್ಗೆ ಪಂಪ್ ಹಾಕಿದರೆ ನೀರಿನಿಂದ ಹಬೆ ಏಳುತ್ತದೆ, ಐಸ್‌ಲ್ಯಾಂಡಿನವರ ಹಾಗೆ ಆ ಬಿಸಿಯನ್ನು ಬಳಸಬಹುದೇ ಅಂತ ಕೇಳಿದ್ದೀರಲ್ಲ, ನಮ್ಮ ಬೋರೂ ಹಾಗೇ. ಬದಿಯಡ್ಕದ ಹತ್ತಿರ ನಮ್ಮ ತೋಟ. ಪುತ್ತೂರು ಕಡೆಯ ಇರ್ದೆಯಲ್ಲಿ ಬೆಂದ್ರುತೀರ್ಥದ ಬಿಸಿನೀರ ಬುಗ್ಗೆ ಇದೆ, ನಮಗೇನೂ ದೂರವಲ್ಲ. ಅದರದ್ದೇ ಸೆಲೆ ನಮ್ಮಲ್ಲಿಗೂ ಬಂದಿದೆ ಅಂತ ಖುಷಿಪಟ್ಟೆವು. ಅಪ್ಪ ಮಾತ್ರ "ಒಮ್ಮೆ ಥರ್ಮಾಮೀಟರ್ ಇಟ್ಟು ನೋಡು ಮಾರಾಯ" ಅಂದರು. ನಾನು ಕೇಳಬೇಕಲ್ಲ!

ದುಡ್ಡು ಹೋದದ್ದು ಅಲ್ಲೇ. ಧನುರ್ಮಾಸದ ಬೆಳಗ್ಗೆ ಗಾಳಿಯೂ ತಂಪು, ನಮ್ಮ ಕೈಯೂ ತಂಪು. ನೆಲದಡಿಯ ನೀರಿಗೆ ಚಳಿ, ಸೆಕೆ ಎರಡೂ ಗೊತ್ತಾಗುವುದಿಲ್ಲ, ವರ್ಷವಿಡೀ ಹೆಚ್ಚುಕಮ್ಮಿ ಒಂದೇ ಹದ. ಹಾಗಾಗಿ ಡಿಸೆಂಬರಿನಲ್ಲಿ ಬಿಸಿ ಅನಿಸಿದ ನೀರೇ ಏಪ್ರಿಲ್ ಮಧ್ಯಾಹ್ನ ಕೈಗೆ ತಣ್ಣಗೆ ತಾಗುತ್ತದೆ. ನೀರಿಗಾಗಿ ಗುಡ್ಡಕ್ಕೆ ಅಡ್ಡವಾಗಿ ಕೊರೆದ ಸುರಂಗದ ನೀರೂ ಹಾಗೇ ಅಲ್ವಾ? ಗಾಳಿ ತಂಪಿದ್ದರೆ ಸ್ವಲ್ಪ ಬೆಚ್ಚಗಿನ ನೀರಿನಿಂದಲೂ ಹಬೆ ಏಳುತ್ತದೆ. ಸಾಲದ್ದಕ್ಕೆ ನೀರು ಕಡಿಮೆ ಇರುವ ಬೋರಿನಲ್ಲಿ ಮೋಟರೇ ನೀರನ್ನು ಬಿಸಿ ಮಾಡುತ್ತದೆ. ಕೊನೆಗೂ ಅಳೆದಾಗ ಬಂದದ್ದು 30 ಡಿಗ್ರಿ.

ಅಷ್ಟರಲ್ಲಿ, ಆಳಕ್ಕೆ ಹೋದರೆ ಕುದಿನೀರೇ ಸಿಗುತ್ತದೆ ಅಂತ ಇನ್ನೊಂದು ಬೋರು ತೆಗೆಸಿ ಆಗಿತ್ತು. ಆಳಕ್ಕೆ ಹೋದಂತೆ ಬಿಸಿ ಜಾಸ್ತಿಯಾಗುವುದು ನಿಜ. ಆದರೆ ಸಾಮಾನ್ಯವಾಗಿ 1 ಕಿಲೋಮೀಟರಿಗೆ ಬರೀ 25ರಿಂದ 30 ಡಿಗ್ರಿ, ನಮ್ಮ ಕಡೆಯ ಹಳೇ ಬಂಡೆಯಲ್ಲಿ ಅದಕ್ಕಿಂತಲೂ ಕಡಿಮೆ. ಇನ್ನು ನೂರು ಮೀಟರ್ ಕೊರೆದರೂ ಮೂರು ಡಿಗ್ರಿ ಗಿಟ್ಟುವುದಿಲ್ಲ. ಅಡಿಕೆ ಕೋಣೆಗೆ ತಾಮ್ರದ ಪೈಪ್ ಸುತ್ತಿಸಿ ಆ ನೀರನ್ನು ಹರಿಸಿದೆ. 30 ಡಿಗ್ರಿ ನೀರಿನಿಂದ ಕೋಣೆ 50 ಡಿಗ್ರಿಗೆ ಏರುವುದುಂಟೇ? ಆ ಸಲದ ಅಡಿಕೆಗೆ ಬೂಷ್ಟು ಹಿಡಿಯಿತು, ಅಷ್ಟೇ.

ಕರೆಂಟಿನ ಮಾತಂತೂ ಬಿಟ್ಟುಬಿಡಿ. ಅಲಾಸ್ಕಾದ ಚೇನಾದಲ್ಲಿ 2006ರಿಂದ 74 ಡಿಗ್ರಿ ನೀರಿನಿಂದ ಕರೆಂಟ್ ತೆಗೆಯುತ್ತಿದ್ದಾರೆ, ನಿಜ. ಅಷ್ಟು ಕಮ್ಮಿ ಬಿಸಿಯಲ್ಲಿ ಆಗುವುದೇ ದೊಡ್ಡ ಸಂಗತಿ ಅಂತ ಎಲ್ಲರೂ ಬೆರಗಾದರು. ಅಲ್ಲಿ ಯಂತ್ರವನ್ನು ತಂಪು ಮಾಡಲು ಮಂಜಿನಂಥ ತಣ್ಣೀರೂ ಇದೆ. ಬಿಸಿಗೂ ತಂಪಿಗೂ ಎಷ್ಟು ಅಂತರವಿದೆಯೋ ಅಷ್ಟೇ ಕರೆಂಟ್. ನಮ್ಮಲ್ಲಿ ನೀರು 30, ಗಾಳಿಯೂ 30. ನೀವು ಹೇಳಿದ ಐಸ್‌ಲ್ಯಾಂಡಿನಲ್ಲಿ ಹತ್ತರಲ್ಲಿ ಒಂಬತ್ತು ಮನೆ ಭೂಮಿಯ ಬಿಸಿಯಲ್ಲೇ ಬೆಚ್ಚಗಿವೆ, ಯಾಕೆಂದರೆ ಆ ದೇಶ ಕೂತಿರುವುದೇ ಭೂಮಿಯ ಪದರ ಬಿರಿದ ಜಾಗದಲ್ಲಿ. ನಮ್ಮ ದೇಶದಲ್ಲಿ ಆಸೆ ಇಟ್ಟುಕೊಳ್ಳುವುದಾದರೆ ಬಿಸಿನೀರ ಬುಗ್ಗೆಗಳಿರುವ ಲಡಾಖಿನ ಪೂಗಾ ಕಣಿವೆ. ಅಲ್ಲಿ ಸರ್ಕಾರಿ ತೈಲ ಕಂಪನಿ ಒಎನ್‌ಜಿಸಿಯವರು 2021ರಲ್ಲಿ ಒಪ್ಪಂದ ಮಾಡಿಕೊಂಡು ಕೈಹಾಕಿದ್ದಾರೆ.

ನೆಲದ ಅಥವಾ ಗಾಳಿಯ ಬಿಸಿಯನ್ನು ಎಳೆದು ಮನೆಗೆ ತುಂಬುವ ಹೀಟ್ ಪಂಪ್ ಹಾಕಲೇ ಅಂತಲೂ ಕೇಳಿದ್ದೀರಿ. ಅದು ಕರೆಂಟ್ ಕೊಡುವ ಯಂತ್ರವಲ್ಲ, ಕರೆಂಟ್ ತಿನ್ನುವ ಯಂತ್ರ. ಚಳಿದೇಶದಲ್ಲಿ ಮನೆ ಬೆಚ್ಚಗಿಡಲು ಒಳ್ಳೆಯದೇ. ಸೆಕೆಗೆ ಒದ್ದಾಡುವ ನಮಗೆ ಯಾಕೆ?

ನಿಮಗೆ ಬೇಕಾದದ್ದು ಒಣಗಿದ ಅಡಿಕೆ ತಾನೇ? ಅಂಗಳಕ್ಕೆ ಪ್ಲಾಸ್ಟಿಕ್ ಹೊದಿಸಿದ ಸೋಲಾರ್ ಡ್ರೈಯರ್ ಹಾಕಿಸಿ. ಕಾಸರಗೋಡಿನ ತೋಟದ ಬೆಳೆಗಳ ಸಂಶೋಧನಾ ಸಂಸ್ಥೆ ಸಿಪಿಸಿಆರ್‌ಐಯವರದ್ದು ತೆಂಗಿನ ಚಿಪ್ಪು ಉರಿಸುವ ಕೊಬ್ಬರಿ ಡ್ರೈಯರ್ ಇದೆ, ಅದನ್ನೂ ಒಮ್ಮೆ ಹೋಗಿ ನೋಡಿ. ಇಷ್ಟು ಹೇಳಿದ ಮೇಲೂ ಮನಸ್ಸು ಕೇಳದಿದ್ದರೆ ಏಪ್ರಿಲ್ ಮಧ್ಯಾಹ್ನ ಪಂಪ್ ಹಾಕಿ, ಹತ್ತು ನಿಮಿಷ ನೀರು ಬಿಟ್ಟು ಬೋರಿನ ಬಾಯಲ್ಲೇ ಅಳೆಯಿರಿ. ಬಿಸಿಲಿಗೆ ಬಿದ್ದ ಕಪ್ಪು ಪೈಪಿನ ತುದಿಯಲ್ಲಿ ಬೇಡ. 60 ಡಿಗ್ರಿ ದಾಟಿದರೆ ಇಲ್ಲೇ ಬರೆಯಿರಿ, ಮರುದಿನದ ಮೊದಲ ಬಸ್ಸಿಗೇ ನಾನು ನಿಮ್ಮಲ್ಲಿಗೆ ಬರುತ್ತೇನೆ.