ಮ್ಯೂನಿಕ್‌ನಲ್ಲಿ ನಟನಾಗಿ ಬದುಕಬಹುದೇ ಎಂದು ಕೇಳಿದವರಿಗೆ

ಕಂಪ್ಯೂಟರ್ ಕೆಲಸಕ್ಕೆಂದು ಮ್ಯೂನಿಕ್‌ಗೆ ಬಂದು ನಾಲ್ಕು ತಿಂಗಳಾಯಿತೆಂದೂ, ಊರಿನಲ್ಲಿ ಹವ್ಯಾಸಿ ನಾಟಕ ಮಾಡಿದ ಅನುಭವವಿರುವುದರಿಂದ ಇಲ್ಲಿನ ಸಿನಿಮಾದಲ್ಲಿ ಮುಖ ತೋರಿಸಿ ಕ್ರಮೇಣ ಅದನ್ನೇ ವೃತ್ತಿಯಾಗಿಸಿಕೊಳ್ಳಬಹುದೇ ಎಂದೂ ನೀವು ಕೇಳಿದ್ದೀರಿ. ನಾನು ನಟನಲ್ಲ, ಹದಿನೆಂಟು ವರ್ಷಗಳಿಂದ ಇಲ್ಲಿ ನಾಟಕ ನೋಡುತ್ತ ಬಂದವನು. ನಿಮ್ಮ ಪ್ರಶ್ನೆ ಓದಿದಾಗ ನನಗೆ ಮ್ಯಾಕ್ಸ್ ಶ್ರೆಕ್ ಎಂಬ ಹಳೆಯ ಜರ್ಮನ್ ನಟ ನೆನಪಾದ.

ಹೆಸರನ್ನು ನೀವು ಕೇಳಿರಲಿಕ್ಕಿಲ್ಲ, ಮುಖವನ್ನು ಮಾತ್ರ ಎಲ್ಲೋ ನೋಡಿಯೇ ಇರುತ್ತೀರಿ. 1922ರಲ್ಲಿ ತೆರೆಕಂಡ, ಮುರ್ನೌ ನಿರ್ದೇಶಿಸಿದ ‘ನೊಸ್ಫೆರಾಟು’ ಮೂಕಿಚಿತ್ರದಲ್ಲಿ, ಹಡಗಿನ ತಳದಲ್ಲಿಟ್ಟ ಶವಪೆಟ್ಟಿಗೆಯಿಂದ ಮೈ ಬಾಗಿಸದೆ ಹಲಗೆಯಂತೆ ನೆಟ್ಟಗೆ ಎದ್ದು ನಿಲ್ಲುವ, ಬೋಳುತಲೆಯ, ಉಗುರು ಬೆಳೆದ ರಕ್ತಪಿಶಾಚಿ ಈತನೇ. ಜರ್ಮನ್ ಭಾಷೆಯಲ್ಲಿ ‘ಶ್ರೆಕ್’ ಎಂದರೆ ದಿಗಿಲು. ಪ್ರಚಾರಕ್ಕಾಗಿ ಇಟ್ಟುಕೊಂಡ ಹೆಸರಿರಬೇಕೆಂದು ಅನುಮಾನಿಸಿದವರುಂಟು, ಆದರೆ ಅದು ಅವನ ಹುಟ್ಟುಹೆಸರು. ಆ ಚಿತ್ರ ಅವನಿಗೆ ಅನ್ನ ಕೊಡಲಿಲ್ಲ. ನಿರ್ಮಾಣ ಸಂಸ್ಥೆ ಅದೇ ವರ್ಷ ದಿವಾಳಿಯಾಯಿತು. ಬ್ರಾಮ್ ಸ್ಟೋಕರ್‌ನ ‘ಡ್ರಾಕುಲಾ’ ಕಾದಂಬರಿಯನ್ನು ಅನುಮತಿಯಿಲ್ಲದೆ ಬಳಸಿಕೊಂಡದ್ದಕ್ಕಾಗಿ 1925ರಲ್ಲಿ ನ್ಯಾಯಾಲಯ ಪ್ರತಿಗಳನ್ನೆಲ್ಲ ನಾಶಪಡಿಸಲು ಆದೇಶಿಸಿತು.

ಅನ್ನ ಕೊಟ್ಟದ್ದು ರಂಗಭೂಮಿ. 1879ರಲ್ಲಿ ಬರ್ಲಿನ್‌ನಲ್ಲಿ ಹುಟ್ಟಿದ ಶ್ರೆಕ್, ಸಣ್ಣ ಊರುಗಳ ರಂಗಮಂದಿರಗಳಲ್ಲಿ ವರ್ಷಗಟ್ಟಲೆ ದುಡಿದು, ಹೆಸರಾಂತ ರಂಗನಿರ್ದೇಶಕ ಮ್ಯಾಕ್ಸ್ ರೈನ್‌ಹಾರ್ಟ್ ತಂಡವನ್ನು ಸೇರಿ, 1919ರಲ್ಲಿ ಇಲ್ಲಿನ ಕಾಮರ್‌ಶ್ಪೀಲೆ ರಂಗಮಂದಿರಕ್ಕೆ ಬಂದ. ನಾಟಕಕಾರ ಬ್ರೆಕ್ಟ್‌ನ ರಂಗಕ್ಕೇರಿದ ಮೊದಲ ನಾಟಕದಲ್ಲಿ ಹೆಂಡದಂಗಡಿಯವನ ಪಾತ್ರ ಮಾಡಿದ. ಚಿತ್ರಗಳು ನಲವತ್ತರಷ್ಟಾದರೂ ಹೆಚ್ಚಿನವು ಸಣ್ಣಪುಟ್ಟ ಪಾತ್ರಗಳೇ. 1936ರ ಫೆಬ್ರವರಿ 19ರ ರಾತ್ರಿ, ಬರಲಾಗದ ಇನ್ನೊಬ್ಬ ನಟನ ಬದಲಿಗೆ ಜರ್ಮನ್ ಕವಿ, ನಾಟಕಕಾರ ಶಿಲ್ಲರ್‌ನ ‘ಡಾನ್ ಕಾರ್ಲೋಸ್’ ನಾಟಕದಲ್ಲಿ ಪಾತ್ರ ನಿರ್ವಹಿಸಿದವನು ಮರುದಿನ ಬೆಳಿಗ್ಗೆ ತೀರಿಕೊಂಡ.

ಇಂದಿಗೂ ಇಲ್ಲಿನ ಎಷ್ಟೋ ನಟರು ನಗರದ ರಂಗಮಂದಿರಗಳಲ್ಲಿ ತಿಂಗಳ ಸಂಬಳಕ್ಕಿರುವವರು. ಒಪ್ಪಂದ ಸಾಮಾನ್ಯವಾಗಿ ಒಂದೊಂದು ರಂಗಋತುವಿನದು, ಅಂದರೆ ಶರತ್ಕಾಲದಿಂದ ಬೇಸಿಗೆಯವರೆಗಿನ ನಾಟಕವರ್ಷದ್ದು. ಮುಂದುವರಿಸುವುದಿಲ್ಲವೆಂದಾದರೆ ಒಪ್ಪಂದ ಮುಗಿಯುವುದಕ್ಕೆ ಹಿಂದಿನ ಅಕ್ಟೋಬರ್ 31ರೊಳಗೆ ತಿಳಿಸಬೇಕೆಂಬುದು ನಿಯಮವಾದ್ದರಿಂದ ಶರತ್ಕಾಲವೆಂದರೆ ನಟರಿಗೆ ಎದೆ ಡವಡವ. ಆ ಬಾಗಿಲು ತೆರೆಯುವುದು ಭಾಷೆಯಿಂದ. ಕಚೇರಿಯಲ್ಲಿ ಇಂಗ್ಲಿಷ್ ಸಾಕಾದೀತು, ಶಿಲ್ಲರ್‌ನ ಪದ್ಯ ಹೇಳಲು ಸಾಲದು. ಆದ್ದರಿಂದ ಕೆಲಸ ಬಿಡುವ ಯೋಚನೆಯನ್ನು ಸದ್ಯಕ್ಕೆ ಬದಿಗಿಡಿ. ವೀಸಾ ನಿಮ್ಮ ಉದ್ಯೋಗವನ್ನು ಆಧರಿಸಿರುವುದರಿಂದ, ಸಂಭಾವನೆಯಿರುವ ಯಾವುದೇ ಪಾತ್ರ ಒಪ್ಪುವ ಮೊದಲು ವಿದೇಶಿಯರ ಕಚೇರಿಯಲ್ಲಿ ವಿಚಾರಿಸಿಕೊಳ್ಳಿ. ಸಂಜೆ ಜರ್ಮನ್ ತರಗತಿಗೂ ಯಾವುದಾದರೂ ಹವ್ಯಾಸಿ ತಂಡಕ್ಕೂ ಸೇರಿ.

ಮಾಕ್ಸಿಮಿಲಿಯನ್ ಬೀದಿಯ ಕಾಮರ್‌ಶ್ಪೀಲೆಯಲ್ಲಿ ಕೆಲವು ಪ್ರದರ್ಶನಗಳಿಗೆ ವೇದಿಕೆಯ ಮೇಲ್ಗಡೆ ಮಾತುಗಳ ಇಂಗ್ಲಿಷ್ ಅನುವಾದವನ್ನು ತೋರಿಸುತ್ತಾರೆ. ಮೊದಲು ಒಂದೆರಡು ನೋಡಿ. ಜೊತೆ ಬೇಕೆಂದರೆ ನಾನೂ ಬರುತ್ತೇನೆ, ಟಿಕೆಟ್ ನನ್ನದು. ನಾಟಕದ ನಡುವೆ ಅರ್ಥ ಕೇಳಬಾರದು, ಅಷ್ಟೇ.