ನಿಮ್ಮ ಆರನೆಯ ಪುಟದ ಗದ್ದೆ

ಆತ್ಮೀಯರೇ,

‘ಅಭಿವೃದ್ಧಿಶೀಲ ರಾಷ್ಟ್ರಗಳಲ್ಲಿ ಕೃಷಿ ಆವಿಷ್ಕಾರ ಮತ್ತು ಆಹಾರ ಭದ್ರತೆ’ ಎಂಬ ನಿಮ್ಮ ಹದಿಮೂರು ಪುಟದ ಲೇಖನ ಕೈಸೇರಿ ತಿಂಗಳಾಯಿತು. ಉತ್ತರ ತಡವಾಯಿತು, ಕರೆಂಟಿಲ್ಲದ ಮಡಿಕೇರಿಯ ಮಳೆಗಾಲ ನಿಮಗೂ ಗೊತ್ತಿದ್ದದ್ದೇ. ಎರಡು ಸಲ ಓದಿದೆ. ಈಗಿರುವ ಹಾಗೆ ಪ್ರಕಟಿಸಲಾರೆ. ಕೃಷಿ ಪದವಿಯ ಕೊನೆಯ ವರ್ಷದಲ್ಲಿದ್ದೀರಿ, ಇದು ಮೊದಲ ಲೇಖನ ಎಂದಿದ್ದೀರಿ. ಹಾಗಾಗಿ ‘ಸ್ಥಳಾಭಾವ’ ಎಂಬ ನಮ್ಮ ಕಸುಬಿನ ಹಳೆಯ ಸುಳ್ಳು ಬೇಡ, ಕಾರಣವನ್ನೇ ಬರೆಯುತ್ತೇನೆ.

ಎರಡನೆಯ ಪುಟದಲ್ಲಿ ‘ಐಆರ್8 ಭತ್ತವನ್ನು ಕಂಡುಹಿಡಿದ ನಾರ್ಮನ್ ಬೋರ್ಲಾಗ್ ಕೃಷಿ ನೊಬೆಲ್ ಪಡೆದರು’ ಎಂದಿದೆ. ಒಂದೇ ವಾಕ್ಯ, ಎರಡು ತಪ್ಪು. ಬೋರ್ಲಾಗ್ ಮೆಕ್ಸಿಕೋದಲ್ಲಿ ದುಡಿದದ್ದು ಗೋಧಿಯ ಮೇಲೆ. 1970ರಲ್ಲಿ ಅವರಿಗೆ ಸಿಕ್ಕಿದ್ದು ಶಾಂತಿ ನೊಬೆಲ್; ಕೃಷಿಗೆಂದು ನೊಬೆಲ್ ಇಲ್ಲವೇ ಇಲ್ಲ. ಐಆರ್8 ಹೊರಬಂದದ್ದು 1966ರಲ್ಲಿ, ಫಿಲಿಪ್ಪೀನ್ಸಿನ ಅಂತರರಾಷ್ಟ್ರೀಯ ಭತ್ತ ಸಂಶೋಧನಾ ಸಂಸ್ಥೆಯಿಂದ. ಕೃಷಿ ಓದುವವರ ಕೈಯಿಂದ ಈ ತಪ್ಪು ಆಗಬಾರದಿತ್ತು.

ಅದಾದರೂ ತಿದ್ದಿದರೆ ಹೋಗುತ್ತದೆ. ಹೋಗದ ಕಾಯಿಲೆ ಬೇರೆಯದು. ‘ಅಧಿಕ ಇಳುವರಿ ತಳಿಗಳನ್ನು ಪರಿಚಯಿಸಲಾಯಿತು. ಉತ್ಪಾದನೆಯನ್ನು ಹೆಚ್ಚಿಸಲಾಯಿತು. ಹಸಿವನ್ನು ನಿವಾರಿಸಲಾಯಿತು.’ ಇಂಥ ‘ಲಾಯಿತು’ಗಳು ಮೊದಲ ಮೂರು ಪುಟದಲ್ಲೇ ನಲವತ್ತೊಂದು ಇವೆ, ಪೆನ್ಸಿಲ್ ಹಿಡಿದು ಎಣಿಸಿದ್ದೇನೆ. ಎಲ್ಲ ಆಗಿಹೋಗಿದೆ, ಮಾಡಿದವರು ಮಾತ್ರ ಯಾರೂ ಇಲ್ಲ. ಐಆರ್8ನ್ನೇ ನೋಡಿ. ಇಂಡೊನೇಷ್ಯಾದ ‘ಪೇಟಾ’ ಎಂಬ ಎತ್ತರದ ಭತ್ತಕ್ಕೂ ತೈವಾನಿನ ‘ಡೀ-ಜಿಯೋ-ವೂ-ಜೆನ್’ ಎಂಬ ಗಿಡ್ಡ ಭತ್ತಕ್ಕೂ ಹುಟ್ಟಿದ ಕೂಸು ಅದು. ಎತ್ತರದ ಪೈರಿಗೆ ಗೊಬ್ಬರ ಹೆಚ್ಚಾದರೆ ತೆನೆಯ ಭಾರಕ್ಕೆ ಮಲಗಿಬಿಡುತ್ತದೆ. ಗಿಡ್ಡ ಪೈರು ನಿಲ್ಲುತ್ತದೆ. ಇಷ್ಟು ಬರೆದಿದ್ದರೆ ನಮ್ಮ ಓದುಗರಿಗೆ ಅರ್ಥವಾಗುತ್ತಿತ್ತು, ಮಲಗಿದ ಭತ್ತ ಕೊಯ್ದು ಸೊಂಟ ಹಿಡಿಸಿಕೊಂಡವರು ಇಲ್ಲಿ ಕಡಿಮೆಯಿಲ್ಲ. ಆ ಅಕ್ಕಿಯ ಅನ್ನ ಆರಿದರೆ ಗಟ್ಟಿಯಾಗುತ್ತದೆ ಎಂದು ಜನ ಗೊಣಗಿದ್ದನ್ನೂ ಬರೆಯಬಹುದಿತ್ತು. ಕಡಂಬುಟ್ಟಿಗೆ ಯಾವ ಅಕ್ಕಿ, ನೂಪುಟ್ಟಿಗೆ ಯಾವ ಅಕ್ಕಿ ಎಂದು ಜಗಳವಾಡುವ ಊರಿನವರು ನೀವು, ಹದಿಮೂರು ಪುಟದಲ್ಲಿ ಒಮ್ಮೆಯೂ ಅನ್ನದ ರುಚಿ ನೆನಪಾಗಲಿಲ್ಲವೇ?

ಆಫ್ರಿಕಾದ ಬಗ್ಗೆ ಎರಡು ಪುಟ ಬರೆದಿದ್ದೀರಿ, ಆದರೆ ಹತ್ತಿರದ ಮಂಡ್ಯ ಕಾಣಲಿಲ್ಲ. ಅಲ್ಲಿನ ಕೃಷಿ ಸಂಶೋಧನಾ ಕೇಂದ್ರವಾದ ವಿ.ಸಿ. ಫಾರ್ಮಿನಲ್ಲಿ ‘ರಾಗಿ ಲಕ್ಷ್ಮಣಯ್ಯ’ನವರು ನಮ್ಮ ರಾಗಿಗೆ ಆಫ್ರಿಕಾದ ರಾಗಿಯನ್ನು ಬೆರೆಸಿ ತೆಗೆದ ತಳಿಗೇ ‘ಇಂಡಾಫ್’ ಎಂದು ಹೆಸರು. ಇಂಡಿಯಾದ್ದು ಅರ್ಧ, ಆಫ್ರಿಕಾದ್ದು ಅರ್ಧ.

ಈಗ ಎಳೆ ಸಸಿ ನೆಟ್ಟು ಕಡಿಮೆ ನೀರಿನಲ್ಲಿ ಭತ್ತ ಬೆಳೆಯುವ ಶ್ರೀ ಪದ್ಧತಿ. ಮಡಗಾಸ್ಕರಿನಲ್ಲಿ ಫಾದರ್ ಆನ್ರಿ ದ ಲೋಲಾನಿಯೆ 1980ರ ದಶಕದಲ್ಲಿ ರೂಪಿಸಿದ್ದು ಎಂದು ಸರಿಯಾಗಿ ಬರೆದಿದ್ದೀರಿ. ‘ಕೊಡಗಿನ ರೈತರು ಅಜ್ಞಾನದಿಂದ ಇದನ್ನು ಅಳವಡಿಸಿಕೊಳ್ಳುತ್ತಿಲ್ಲ’ ಎಂಬ ಮುಂದಿನ ವಾಕ್ಯ ಓದಿ ಪೆನ್ಸಿಲ್ ಕೆಳಗಿಟ್ಟೆ. ನಾನೂ ಆ ಅಜ್ಞಾನಿಗಳಲ್ಲಿ ಒಬ್ಬ. ಒಂದು ವರ್ಷ ಹುಮ್ಮಸ್ಸಿನಿಂದ ಹನ್ನೆರಡು ದಿನದ ಎಳೆ ಸಸಿಗಳನ್ನು ದಾರ ಹಿಡಿದು ಒಂದೊಂದಾಗಿ ನೆಡಿಸಿದೆ. ಮೂರನೆಯ ದಿನಕ್ಕೆ ಹಿಡಿದ ಮಳೆ ವಾರವಾದರೂ ಬಿಡಲಿಲ್ಲ. ತೋಡಿನ ನೀರು ಬದು ಹಾರಿ ಗದ್ದೆಗೆ ನುಗ್ಗಿತು. ನೀರಿಳಿದಾಗ ದಾರ ಉಳಿದಿತ್ತು, ಸಸಿ ಇರಲಿಲ್ಲ. ನೀರು ನಿಲ್ಲಿಸದೆ ನೆಲವನ್ನು ತೇವವಾಗಿ ಮಾತ್ರ ಇಡುವುದು ಆ ಪದ್ಧತಿಯ ಜೀವ. ಎರಡು ಗುಡ್ಡದ ನಡುವಿನ ನಮ್ಮ ಗದ್ದೆಗಳಲ್ಲಿ ಜಡಿಮಳೆಯ ಕಕ್ಕಡ ತಿಂಗಳ ನೀರನ್ನು ಹೊರಹಾಕುವುದು ಎಲ್ಲಿಗೆ?

ಇದಕ್ಕೆ ಎದುರಾಗಿ ನೀವು ಅರ್ಧ ವಾಕ್ಯದಲ್ಲಿ ದಾಟಿಹೋದ ಸ್ವರ್ಣ-ಸಬ್1 ಇಡೋಣ. ಎರಡು ವಾರ ನೀರಲ್ಲಿ ಮುಳುಗಿದರೂ ಚೇತರಿಸಿಕೊಳ್ಳುವ ಈ ಭತ್ತ ಭಾರತದಲ್ಲಿ 2009ರಲ್ಲಿ ಬಿಡುಗಡೆಯಾಯಿತು. ಮುಳುಗಡೆ ತಾಳುವ ಗುಣ ಬಂದದ್ದು ಒಡಿಶಾದ ಒಂದು ಹಳೆಯ ನಾಡತಳಿಯಿಂದ. ರೈತರು ಮೊದಲೇ ಬೆಳೆಯುತ್ತಿದ್ದ ಸ್ವರ್ಣಕ್ಕೆ ವಿಜ್ಞಾನಿಗಳು ಆ ಒಂದು ಗುಣವನ್ನಷ್ಟೇ ಸೇರಿಸಿದ್ದರು: ಹೊಸ ಯಂತ್ರವಿಲ್ಲ, ಹೆಚ್ಚಿನ ಆಳಿಲ್ಲ, ಅನ್ನದ ರುಚಿಯೂ ಅದೇ. ಶ್ರೀ ಪದ್ಧತಿ ರೈತನಿಂದ ಬಹಳ ಕೇಳುತ್ತದೆ, ಇದು ಏನನ್ನೂ ಕೇಳುವುದಿಲ್ಲ. ಡ್ರೋನು, ಕೃತಕ ಬುದ್ಧಿಮತ್ತೆ ಎಂದು ನೀವು ಹೊಗಳಿದ ಪ್ರತಿಯೊಂದರ ಮುಂದೆ ‘ಇದು ರೈತನಿಂದ ಏನು ಕೇಳುತ್ತದೆ?’ ಎಂದು ಬರೆದು ಉತ್ತರ ಹುಡುಕಿ. ಅರ್ಧ ಲೇಖನ ತಾನಾಗಿ ಉದುರುತ್ತದೆ. ಉದುರಲಿ.

ಇನ್ನು ಆರನೆಯ ಪುಟ. ನಾಪೋಕ್ಲು ಕಡೆಯ ನಿಮ್ಮ ಅಜ್ಜನ ಗದ್ದೆ ಪಾಳುಬಿದ್ದ ಕಥೆ ಹತ್ತೇ ಸಾಲಿನಲ್ಲಿದೆ. ನಾಟಿಗೆ ಆಳಿಲ್ಲ, ತೆನೆ ಹಾಲು ತುಂಬುವಾಗ ಆನೆ, ಉಳಿದದ್ದಕ್ಕೆ ಕಾಡುಹಂದಿ. ಸುಗ್ಗಿಯ ಹಬ್ಬ ಪುತ್ತರಿಗೆ ಕದಿರು ತೆಗೆಯಲು ನೆಂಟರ ಗದ್ದೆಗೆ ಹೋಗಿ ‘ಪೊಲಿ ಪೊಲಿ ದೇವಾ’ ಎಂದು ಕೂಗುವಾಗ ಅಜ್ಜನ ದನಿ ತಗ್ಗಿತು ಎಂದಿದ್ದೀರಿ. ಇಡೀ ಲೇಖನದಲ್ಲಿ ನೀವು ಕಣ್ಣಾರೆ ಕಂಡು ಬರೆದ ಸಾಲುಗಳು ಇವಷ್ಟೇ.

ಆದರೆ ಅದರ ಬೆನ್ನಿಗೇ ‘ಹೀಗೆ ಕೊಡಗು ಹಸಿವಿನತ್ತ ಸಾಗುತ್ತಿದೆ’ ಎಂದು ಹಾರಿದಿರಿ. ಇದನ್ನು ಒಪ್ಪಲಾರೆ. ನಿಮ್ಮ ಅಜ್ಜ ಗದ್ದೆ ಬಿಟ್ಟರೂ ಉಪವಾಸ ಬಿದ್ದಿಲ್ಲ. ಕಾಫಿಯ ದುಡ್ಡಿದೆ, ಅಂಗಡಿಯಲ್ಲಿ ಅಕ್ಕಿಯಿದೆ. ಗದ್ದೆ ಪಾಳು ಬಿದ್ದರೆ ನಿಲ್ಲುವ ನೀರು ಹೋಗುತ್ತದೆ, ಏಡಿ ಹೋಗುತ್ತದೆ, ಕೆಸರುಗದ್ದೆಯ ನಾಟಿ ಓಟ ಹೋಗುತ್ತದೆ. ಅದು ದೊಡ್ಡ ನಷ್ಟ, ಆದರೆ ಅದರ ಹೆಸರು ಹಸಿವಲ್ಲ. 1943ರ ಬಂಗಾಳದ ಕ್ಷಾಮವನ್ನು ಹುಡುಗನಾಗಿ ಕಂಡ ಅರ್ಥಶಾಸ್ತ್ರಜ್ಞ ಅಮರ್ತ್ಯ ಸೇನ್, ಆ ವರ್ಷ ಅಲ್ಲಿದ್ದ ಆಹಾರ 1941ಕ್ಕಿಂತ ಕಡಿಮೆಯಿರಲಿಲ್ಲ ಎಂದು ಲೆಕ್ಕ ಹಾಕಿ ತೋರಿಸಿದರು. ಅಕ್ಕಿಯ ಬೆಲೆ ಏರಿತು, ಕೂಲಿ ಏರಲಿಲ್ಲ. ಕೂಲಿಯವರು, ಮೀನುಗಾರರು ಸತ್ತರು. ಬೆಳೆಯುವುದು ಒಂದು, ಬೆಳೆದದ್ದು ಬಾಯಿಗೆ ಬರುವುದು ಇನ್ನೊಂದು. ನಿಮ್ಮ ಲೇಖನ ಎರಡನ್ನೂ ಒಂದೇ ಎಂದುಕೊಂಡಿದೆ.

ಕೊಡಗಿನಲ್ಲಿ ಆಹಾರ ಭದ್ರತೆಯನ್ನು ಹುಡುಕಬೇಕಿದ್ದರೆ ಅಜ್ಜನ ಗದ್ದೆ ದಾಟಿ ತೋಟದ ಕೂಲಿಯವರ ಲೈನ್ ಮನೆಗೆ ಹೋಗಿ. ಜಡಿಮಳೆಗೆ ತೋಟದ ಕೆಲಸ ನಿಂತರೆ ಕೂಲಿಯೂ ನಿಲ್ಲುತ್ತದೆ. 2013ರ ಆಹಾರ ಭದ್ರತಾ ಕಾಯಿದೆ ಆದ್ಯತಾ ಕುಟುಂಬದ ಒಬ್ಬೊಬ್ಬರಿಗೆ ತಿಂಗಳಿಗೆ 5 ಕೆಜಿ ಧಾನ್ಯ ಎನ್ನುತ್ತದೆ. ಅಸ್ಸಾಮಿನಿಂದ ಬಂದು ಇಲ್ಲಿ ಕಾಫಿ ಕೊಯ್ಯುವವರ ಕಾರ್ಡು ಇಲ್ಲಿನ ನ್ಯಾಯಬೆಲೆ ಅಂಗಡಿಯಲ್ಲಿ ನಡೆಯುತ್ತಿದೆಯೇ, ಬೆರಳಚ್ಚು ಕೂರುತ್ತದೆಯೇ, ನಿಂತು ನೋಡಿ. ಆದಿವಾಸಿ ಯರವರ, ಜೇನುಕುರುಬರ ಹಾಡಿಗಳಿಗೆ ಸರ್ಕಾರ ಮೊಟ್ಟೆ, ಬೇಳೆ, ತುಪ್ಪ ಹಂಚಬೇಕಾಗಿ ಬಂದದ್ದು ಯಾಕೆ ಎಂದು ಅಲ್ಲಿನ ಹೆಂಗಸರನ್ನು ಕೇಳಿ. ಕಾಡಿನ ಗೆಣಸು, ಕಣಿಲೆ, ಜೇನಿನ ಮಾತು ಅವರೇ ತೆಗೆಯುತ್ತಾರೆ.

ಅಜ್ಜನ ಗದ್ದೆಯದ್ದು ಒಂದು ಲೇಖನ, ಲೈನ್ ಮನೆಯದ್ದು ಇನ್ನೊಂದು. ಯಾವುದಾದರೂ ಒಂದನ್ನು ನಾಲ್ಕು ಪುಟದಲ್ಲಿ ಬರೆದು ಕಾಫಿ ಕೊಯ್ಲಿಗೆ ಮುಂಚೆ ಕಳಿಸಿ, ಆಮೇಲೆ ನನಗೂ ಪುರುಸೊತ್ತಿರುವುದಿಲ್ಲ. ಹಸ್ತಪ್ರತಿಯನ್ನು ಇದರ ಜೊತೆಗೇ ವಾಪಸು ಕಳಿಸಿದ್ದೇನೆ. ಆರನೆಯ ಪುಟದಲ್ಲಿ ನನ್ನ ಗುರುತು ಏನೂ ಇಲ್ಲ. ಕೊನೆಯ ಪುಟದ ‘ರೈತನೇ ದೇಶದ ಬೆನ್ನೆಲುಬು’ ಎಂಬ ಸಾಲನ್ನು ಮಾತ್ರ, ನಿಮ್ಮನ್ನು ಕೇಳದೆ, ಹೊಡೆದುಹಾಕಿದ್ದೇನೆ.

ಇಂತಿ,
ಸಂಪಾದಕ